ಕಾಶಿ ಬಸ್ಸು, ಕಾಂಬೋಡಿಯಾ ಪ್ಯಾಕೇಜು

ಸರಗೂರು ಸೀಮೆಗೆ ಟೂರಿಸ್ಟರು ಹೊಸಬರಲ್ಲ. ಕಾಕನಕೋಟೆಯಲ್ಲಿ ಖೆಡ್ಡಾ ನಡೆಯುತ್ತಿದ್ದ ಕಾಲಕ್ಕೆ ಮೈಸೂರು ಮಹಾರಾಜರ ಅತಿಥಿಗಳಾಗಿ ಬಂದ ದೊರೆಗಳು ಆನೆ ಹಿಡಿಯುವುದನ್ನು ನೋಡಿ ಹೋಗುತ್ತಿದ್ದರು. ಕೊನೆಯ ಖೆಡ್ಡಾ ನಡೆದದ್ದು 1971ರಲ್ಲಿ. 1974ರಲ್ಲಿ ಬೀಚನಹಳ್ಳಿ ಹತ್ತಿರ ಕಬಿನಿ ಅಣೆಕಟ್ಟೆ ಮುಗಿಯಿತು, ಕಾಡೂ ಊರುಗಳೂ ಮುಳುಗಿದವು. ಆ ಹಿನ್ನೀರಿನ ದಂಡೆಯ ಕಾರಾಪುರದಲ್ಲಿ ಮಹಾರಾಜರ ಬೇಟೆ ಬಂಗಲೆ ಸರ್ಕಾರದ ರೆಸಾರ್ಟ್ ಆಯಿತು. ಆಮೇಲೆ ದಮ್ಮನಕಟ್ಟೆಯಿಂದ ಸಫಾರಿ ಗಾಡಿ ಹೊರಡತೊಡಗಿತು. ಅದರಲ್ಲಿ ಕೂತ ವಿದೇಶಿಯರಲ್ಲಿ ಹಲವರಿಗೆ ನಮ್ಮ ಸೀಮೆ ಎಂದರೆ ಮೈಸೂರು ಅರಮನೆಗೂ ಕೇರಳದ ದೋಣಿಮನೆಗೂ ನಡುವೆ ಎರಡು ರಾತ್ರಿಯ ತಂಗುದಾಣ. ಹೀಗೆ ಬೇರೆಯವರ ಟೂರಿನಲ್ಲಿ ನಾವು ಎಷ್ಟೋ ಕಾಲದಿಂದ ಇದ್ದೇವೆ. ನಮ್ಮವರು ಟೂರು ಹೊರಟ ಕತೆ ಅಷ್ಟು ಹಳೆಯದಲ್ಲ.

ನನಗೆ ಗೊತ್ತಿರುವ ಹಳೆಯ ಟೂರು ಎಂದರೆ ಕಾಶಿ ಬಸ್ಸು. ಪೂರ್ತಿ ಹೆಸರು ಕಾಶಿ–ಗಯಾ–ನೇಪಾಳ ಯಾತ್ರೆ. ಹತ್ತಿ ಮಾರಿ ಕೈಗೆ ದುಡ್ಡು ಬಂದು ಸಂಕ್ರಾಂತಿ ಕಳೆದ ಮೇಲೆ ಹೊರಡುತ್ತಿತ್ತು. ನಡೆಸುತ್ತಿದ್ದವರು ರಿಟೈರ್ಡ್ ಮೇಷ್ಟ್ರು. ಹಿಂದಿ ಬರುತ್ತಿತ್ತು, ಅದೇ ಅವರ ಬಂಡವಾಳ. ಬಸ್ಸಿನ ಮೇಲೆ ಅಕ್ಕಿ ಮೂಟೆ, ಗ್ಯಾಸ್ ಸಿಲಿಂಡರು, ದೊಡ್ಡ ಪಾತ್ರೆಗಳು. ಹಿಂದಿನ ಸೀಟಿನಲ್ಲಿ ಅಡುಗೆಯವರು. ಪೆಟ್ರೋಲ್ ಬಂಕೋ ಛತ್ರವೋ ಸಿಕ್ಕ ಕಡೆ ಒಲೆ ಹೂಡಿ, ಉತ್ತರಪ್ರದೇಶದ ಮಂಜಿನಲ್ಲಿ ಬಿಸಿ ಅನ್ನಕ್ಕೆ ಹುರುಳಿಕಾಳಿನ ಸಾರು ಬಡಿಸುತ್ತಿದ್ದರು. 1994ರಲ್ಲಿ ಕಾಲೇಜಿನಲ್ಲಿದ್ದ ನನ್ನನ್ನು ಅಜ್ಜಿಯ ಜೊತೆಗೆ ಕಳಿಸಿದರು. ಆಕೆಯನ್ನು ನಾವೆಲ್ಲ ಅವ್ವ ಎಂದೇ ಕರೆಯುತ್ತಿದ್ದುದು. ನನ್ನ ಕೆಲಸ ಚೀಲ ಕಾಯುವುದು, ಅವ್ವನಿಗೆ ಮಾತ್ರೆ ಕೊಡುವುದು.

ಆ ಬಸ್ಸನ್ನು ಈಗ ಭಕ್ತಿಯ ಬಸ್ಸು ಎಂದು ಹೊಗಳುವವರನ್ನು ಕಂಡರೆ ನನಗೆ ನಗು. ಭಕ್ತಿ ಇತ್ತು, ಇಲ್ಲ ಅನ್ನುವುದಿಲ್ಲ. ಅದರ ಜೊತೆಗೆ ಹೊಟ್ಟೆ ಕೆಡುವುದು, ಹೆಂಗಸರು ಕತ್ತಲಾಗಲಿ ಎಂದು ದಾರಿಯುದ್ದಕ್ಕೂ ಕಾಯುವುದು, ಆ ಕಾರಣಕ್ಕೇ ನೀರು ಕುಡಿಯದೆ ಬಾಯಾರಿ ಕೂರುವುದು ಎಲ್ಲವೂ ಇತ್ತು. ಮುಂದಿನ ಸೀಟು ಯಾರದು, ಹಿಂದಿನದು ಯಾರದು ಎಂದು ಯಾರೂ ಬಾಯಿಬಿಟ್ಟು ಹೇಳಲಿಲ್ಲ, ಹೇಳುವ ಅಗತ್ಯವಿರಲಿಲ್ಲ. ಕಾಲೋನಿಯ ಒಬ್ಬರೂ ಆ ಬಸ್ಸಿನಲ್ಲಿ ಇರಲಿಲ್ಲ. ದುಡ್ಡಿಲ್ಲದ್ದಕ್ಕೆ ಅನ್ನುವುದು ಅರ್ಧ ಸತ್ಯ. ಒಂದೇ ಪಂಕ್ತಿಯಲ್ಲಿ ತಿಂಗಳೊಪ್ಪತ್ತು ಊಟ ಮಾಡಬೇಕಾದ ಬಸ್ಸಿಗೆ ಅವರನ್ನು ಯಾರೂ ಕರೆಯುತ್ತಿರಲಿಲ್ಲ. ಅವರ ಯಾತ್ರೆ ಚಿಕ್ಕದೇವಮ್ಮನ ಬೆಟ್ಟಕ್ಕೆ, ಮಾದಪ್ಪನ ಬೆಟ್ಟಕ್ಕೆ, ಲಾರಿಯಲ್ಲೋ ಕಾಲ್ನಡಿಗೆಯಲ್ಲೋ ಆಗುತ್ತಿತ್ತು.

ಕಾಶಿಯಲ್ಲಿ ಏನಾದರೂ ಒಂದು ತಿನ್ನುವ ಪದಾರ್ಥ ಬಿಟ್ಟು ಬರಬೇಕು ಎಂಬ ಕಟ್ಟಳೆ ಇದೆಯಲ್ಲ, ಅವ್ವ ಹಾಗಲಕಾಯಿ ಬಿಟ್ಟಳು. ಹುಟ್ಟಿದಾಗಿನಿಂದ ಹಾಗಲಕಾಯಿ ಮುಟ್ಟಿದವಳಲ್ಲ. ಲಿಂಗಾಯತರ ಮನೆಯವರು ಜಂಗಮವಾಡಿ ಮಠಕ್ಕೆ ಹೋಗಿ ಬಂದರು. ಉಳಿದವರು ಮೇಷ್ಟ್ರ ಹಿಂದೆ ಸೀರೆ ಅಂಗಡಿಗೆ ಹೋದರು. ಗಂಗೆಯ ಗಿಂಡಿ ಎಲ್ಲಿ ಕೊಳ್ಳಬೇಕು, ರುದ್ರಾಕ್ಷಿ ಎಲ್ಲಿ ಕೊಳ್ಳಬೇಕು ಎಂಬುದೂ ಮೇಷ್ಟ್ರದೇ ತೀರ್ಮಾನ. ಅಂಗಡಿಯವನು ಅವರನ್ನು ಕಂಡು ಎದ್ದು ನಿಂತು ಚಹಾ ತರಿಸಿದ ರೀತಿಯಲ್ಲೇ ಒಳಗಿನ ಲೆಕ್ಕ ಗೊತ್ತಾಗುತ್ತಿತ್ತು. ಕಮಿಷನ್ ಪ್ಯಾಕೇಜ್ ಟೂರಿನವರು ಕಂಡುಹಿಡಿದದ್ದಲ್ಲ.

ಗೋರಖಪುರ ದಾಟಿ ಸೋನೌಲಿಯಲ್ಲಿ ಗಡಿ. ಪಾಸ್‌ಪೋರ್ಟ್ ಬೇಕಿಲ್ಲ, ಭಾರತದವರಿಗೆ ಇಂದಿಗೂ ನೇಪಾಳಕ್ಕೆ ಬೇಕಿಲ್ಲ. ನಮ್ಮ ನೂರು ರೂಪಾಯಿಗೆ ಅವರ ನೂರ ಅರವತ್ತು. ಆ ದರ 1993ರಲ್ಲಿ ನಿಂತದ್ದು ಇವತ್ತಿಗೂ ಅಲುಗಾಡಿಲ್ಲ. ಅಂಗಡಿಗಳಲ್ಲಿ ರಾಜ ಬೀರೇಂದ್ರರ ಫೋಟೊ. ಕಮಾನು ದಾಟಿದ ಮೇಲೆ ಮೇಷ್ಟ್ರು ಎದ್ದು ನಿಂತು ನಾವೀಗ ವಿದೇಶದಲ್ಲಿದ್ದೇವೆ ಎಂದು ಸಾರಿದರು. ಬಸ್ಸಿನಲ್ಲಿ ಯಾರಿಗೂ ಏನೂ ಅನ್ನಿಸಲಿಲ್ಲ. ಕಾಶಿ ಆಯಿತು, ಮುಂದೆ ಪಶುಪತಿ. ಅವ್ವನ ಲೆಕ್ಕದಲ್ಲಿ ಅದೆಲ್ಲ ಒಂದೇ ನೆಲ. ತಾನು ಫಾರಿನ್ನಿಗೆ ಹೋಗಿದ್ದೆ ಎಂದು ಸಾಯುವವರೆಗೂ ಆಕೆ ಒಪ್ಪಲಿಲ್ಲ.

ಗಡಿಯಿಂದ ಸ್ವಲ್ಪ ದೂರದಲ್ಲೇ ಲುಂಬಿನಿ. ಆಗ ಮಾಯಾದೇವಿಯ ಗುಡಿ ಬಿಚ್ಚಿ ಉತ್ಖನನ ನಡೆಸಿದ್ದರು. ತಗಡು, ಹಗ್ಗ, ಅಗೆದ ಮಣ್ಣು, ಪಕ್ಕದಲ್ಲಿ ಅಶೋಕನ ಕಂಬ. "ಇಲ್ಲಿ ದ್ಯಾವ್ರು ಯಾವುದು?" ಎಂದು ಅವ್ವನ ಜೊತೆಯವರು ಕೇಳಿದರು. ಬುದ್ಧ ಹುಟ್ಟಿದ ಜಾಗ ಎಂದೆ. ಕೈಮುಗಿದು ಬಸ್ಸು ಹತ್ತಿದರು. ಮಸ್ಕಿಯಲ್ಲಿ, ಬ್ರಹ್ಮಗಿರಿಯಲ್ಲಿ ಬಂಡೆಯ ಮೇಲೆ ಬರೆಸಿದ ಅದೇ ಅಶೋಕ, ಅದೇ ಬ್ರಾಹ್ಮಿ ಲಿಪಿ ಎಂದು ಹೇಳುವವರು ಆ ಬಸ್ಸಿನಲ್ಲಿ ಇರಲಿಲ್ಲ. ನನಗೂ ಆಗ ಗೊತ್ತಿರಲಿಲ್ಲ. ಮೂರು ವರ್ಷದ ಮೇಲೆ ಆ ಜಾಗ ಯುನೆಸ್ಕೊ ಪಟ್ಟಿಗೆ ಸೇರಿತು.

ಕಠ್ಮಂಡುವಿನಲ್ಲಿ ನಮ್ಮವರಿಗೆ ಗುರುತು ಸಿಕ್ಕವರು ಇಬ್ಬರೇ. ಒಬ್ಬರು ಪಶುಪತಿನಾಥನ ಗರ್ಭಗುಡಿಯ ಭಟ್ಟರು. ಅಲ್ಲಿ ಚತುರ್ಮುಖ ಲಿಂಗವನ್ನು ಮುಟ್ಟಿ ಪೂಜೆ ಮಾಡುವ ಹಕ್ಕು ದಕ್ಷಿಣದಿಂದ, ಅದರಲ್ಲೂ ನಮ್ಮ ಕರಾವಳಿಯಿಂದ ಹೋದ ಭಟ್ಟರದು. ಈ ಏರ್ಪಾಟು ಮುಂದೆ, 2009ರ ಮೊದಲಲ್ಲಿ, ದೊಡ್ಡ ಗಲಾಟೆಗೆ ಸಿಕ್ಕಿತು. ಮಾವೊವಾದಿ ಸರ್ಕಾರದ ಕಾಲದಲ್ಲಿ ನೇಪಾಳದವರನ್ನೇ ಅರ್ಚಕರಾಗಿ ನೇಮಿಸಿ, ಪ್ರತಿಭಟನೆ ಎದ್ದು, ವಿಷಯ ಸುಪ್ರೀಂ ಕೋರ್ಟಿಗೆ ಹೋಗಿ, ಕೊನೆಗೆ ಭಟ್ಟರೇ ಮರಳಿದರು. 1994ರಲ್ಲಿ ಅದ್ಯಾವುದೂ ಇಲ್ಲ. ಒಳಗಿರುವ ಐನೋರು ಕನ್ನಡದವರು ಎಂಬ ಸುದ್ದಿ ಸಾಲಿನಲ್ಲಿ ಹರಿದಾಡಿದ್ದೇ ತಡ, ನಮ್ಮ ಹೆಂಗಸರು ಅಲ್ಲಿಂದಲೇ ಊರಿನ ಹೆಸರು ಕೂಗತೊಡಗಿದರು. ಇನ್ನೊಂದು ಗುರುತು ಬೌದ್ಧ ಸ್ತೂಪದ ಸುತ್ತ ಮಣಿಚಕ್ರ ತಿರುಗಿಸುತ್ತಿದ್ದ ಟಿಬೆಟನ್ನರು. "ಸ್ವೆಟರ್ ಮಾರೋರು!" ಎಂದು ಅವ್ವ ಖುಷಿಯಾದಳು. ಬೈಲುಕುಪ್ಪೆಗೆ ಟಿಬೆಟನ್ನರು ಬಂದದ್ದು 1960ರ ದಶಕದ ಮೊದಲಲ್ಲಿ, ಹುಣಸೂರಿನ ಗುರುಪುರಕ್ಕೆ ಆಮೇಲೆ. ಚಳಿಗಾಲಕ್ಕೆ ಮೈಸೂರಿನಲ್ಲಿ ಸ್ವೆಟರು ಹರವಿ ಕೂರುವವರ ನೆಂಟರು ಇಲ್ಲಿದ್ದಾರೆ ಎಂಬುದೇ ಆಕೆಗೆ ನೇಪಾಳದ ದೊಡ್ಡ ಸುದ್ದಿ. ಹಳೆಯ ಅರಮನೆ ಚೌಕ, ಕಾಷ್ಠಮಂಟಪ ಯಾವುದನ್ನೂ ನಾವು ನೋಡಲಿಲ್ಲ. ಮೇಷ್ಟ್ರ ಪಟ್ಟಿಯಲ್ಲಿ ಇರಲಿಲ್ಲ, ನಾವೂ ಕೇಳಲಿಲ್ಲ. 2015ರ ಭೂಕಂಪದಲ್ಲಿ ಕಾಷ್ಠಮಂಟಪ ಕುಸಿಯಿತು. ಈಗ ಮತ್ತೆ ಕಟ್ಟಿದ್ದಾರೆ. ನೋಡಿದರೂ ಅದು ಹೊಸದು.

ಇನ್ನು ಈಗಿನದು. ಶುಂಠಿಗೆ ಬೆಲೆ ಬಂದ ವರ್ಷ ಎಚ್.ಡಿ. ಕೋಟೆ, ಸರಗೂರು ಕಡೆಯ ಕೆಲವರು ಟ್ರ್ಯಾಕ್ಟರು ಕೊಂಡರು, ಕೆಲವರು ಮನೆಗೆ ಟೈಲ್ಸು ಹಾಕಿಸಿದರು. ಚಿಕ್ಕಮ್ಮ ಮಾತ್ರ ಪಾಸ್‌ಪೋರ್ಟ್ ಮಾಡಿಸಿಕೊಡು ಎಂದಳು. ಹಿಂದೆ ಅದಕ್ಕೆ ಬೆಂಗಳೂರಿಗೆ ಅಲೆಯಬೇಕಿತ್ತು. ಅಂಚೆ ಕಚೇರಿಯೊಳಗೇ ಪಾಸ್‌ಪೋರ್ಟ್ ಸೇವಾ ಕೇಂದ್ರ ತೆರೆಯುವ ಯೋಜನೆ ದೇಶದಲ್ಲಿ ಮೊದಲು ಶುರುವಾದದ್ದು ಗುಜರಾತಿನ ದಾಹೋದ್ ಮತ್ತು ನಮ್ಮ ಮೈಸೂರಿನಲ್ಲಿ, 2017ರ ಜನವರಿಯಲ್ಲಿ. ಬೆಳಿಗ್ಗೆ ಸರಗೂರಿನಿಂದ ಬಸ್ಸು ಹತ್ತಿದರೆ ಮೇಟಗಳ್ಳಿಯಲ್ಲಿ ಬೆರಳಚ್ಚು ಕೊಟ್ಟು ಸಂಜೆ ಹಾಲು ಕರೆಯುವ ಹೊತ್ತಿಗೆ ಮನೆ. ಅಮ್ಮ, ಚಿಕ್ಕಮ್ಮ, ನಾನು ವಿಯೆಟ್ನಾಂ, ಕಾಂಬೋಡಿಯಾ, ಥಾಯ್ಲೆಂಡ್ ಮೂರೂ ಸೇರಿದ ಪ್ಯಾಕೇಜು ಹಿಡಿದೆವು. ಥಾಯ್ಲೆಂಡ್ 2023ರ ನವೆಂಬರಿನಿಂದ ಭಾರತೀಯರಿಗೆ ವೀಸಾ ಕೇಳುತ್ತಿರಲಿಲ್ಲ. ವಿಯೆಟ್ನಾಮಿನ ವೀಸಾ ಫೋನಿನಲ್ಲೇ ಬಂತು.

ಗುಂಪಿನಲ್ಲಿ ಮಂಡ್ಯದ ರಿಟೈರ್ಡ್ ದಂಪತಿಗಳು, ಪಿರಿಯಾಪಟ್ಟಣದ ತಂಬಾಕು ಬೆಳೆಗಾರರು, ಮೈಸೂರಿನ ನರ್ಸುಗಳು. ಗಂಡಸರಿಗಿಂತ ಹೆಂಗಸರು ಹೆಚ್ಚು, ಗಂಡನಿಲ್ಲದೆ ಬಂದ ಹೆಂಗಸರು ಇನ್ನೂ ಹೆಚ್ಚು. ಯಾರ ಜಾತಿ ಯಾವುದು ಎಂದು ಯಾರೂ ಕೇಳಲಿಲ್ಲ ಎಂದರೆ ಸುಳ್ಳಾಗುತ್ತದೆ. ಮೂರನೇ ದಿನದ ಹೊತ್ತಿಗೆ ಕೇಳಿ ತಿಳಿದುಕೊಂಡಿದ್ದರು. ಆದರೆ ಅದೇ ಟೇಬಲ್ಲಿನಲ್ಲಿ ಕೂತು ಊಟ ಮಾಡಿದರು. ಕಾಶಿ ಬಸ್ಸಿಗೆ ಹೋಲಿಸಿದರೆ ಇದು ಸಣ್ಣ ಬದಲಾವಣೆಯಲ್ಲ. ಪಾಯಿಖಾನೆಯ ವಿಷಯವಂತೂ ಹೋಲಿಸುವಂತೆಯೇ ಇಲ್ಲ. ಎಪ್ಪತ್ತು ದಾಟಿದ ಅಮ್ಮ ಪ್ರವಾಸದುದ್ದಕ್ಕೂ ಹೊಟ್ಟೆತುಂಬ ನೀರು ಕುಡಿದಳು.

ವಿಯೆಟ್ನಾಂ ಬೇಗ ಮುಗಿಯಿತು. ಕು ಚಿ ಸುರಂಗದ ಬಾಯಿ ನೋಡಿ ಚಿಕ್ಕಮ್ಮ ಇದರೊಳಗೆ ಹಂದಿಯೂ ನುಗ್ಗುವುದಿಲ್ಲ ಎಂದಳು. ಮಿ ಸನ್‌ನ ಚಾಮರ ಶಿವಾಲಯಗಳು ಪಟ್ಟಿಯಲ್ಲಿ ಇರಲಿಲ್ಲ. ನಮ್ಮ ಪುರಾತತ್ವ ಇಲಾಖೆಯವರು ಅಲ್ಲಿ ದುರಸ್ತಿ ಮಾಡುತ್ತಿದ್ದಾಗ 2020ರಲ್ಲಿ ಒಂಬತ್ತನೇ ಶತಮಾನದ ಶಿವಲಿಂಗ ಸಿಕ್ಕಿದ್ದನ್ನು ಪತ್ರಿಕೆಯಲ್ಲಿ ಓದಿದ್ದೆ. ಕೇಳಿದರೆ ಅದು ಬೇರೆ ಪ್ಯಾಕೇಜು ಅಂದರು.

ಅಂಕೋರ್‌ವಾಟ್ ಬೇರೆ ಮಾತು. ಟಿಕೆಟ್ಟು 37 ಡಾಲರ್, ಅದರ ಮೇಲೆ ನಮ್ಮದೇ ಫೋಟೊ. ಎರಡನೇ ಸೂರ್ಯವರ್ಮ ವಿಷ್ಣುವಿಗೆ ಕಟ್ಟಿಸಿದ್ದು, ಪಶ್ಚಿಮಕ್ಕೆ ಮುಖ, ಆಮೇಲೆ ಬೌದ್ಧರದ್ದಾಯಿತು ಎಂದು ಗೈಡ್ ಕೊರಳಿನ ಮೈಕಿನಲ್ಲಿ ಹೇಳುತ್ತಾ ಹೋದ. ನಮ್ಮ ಕಿವಿಯಲ್ಲಿದ್ದ ಯಂತ್ರದಲ್ಲಿ ಕೇಳುತ್ತಿತ್ತು. ಅವನು ಹೇಳದ್ದು, ಅವನಿಗೆ ಬೇಕಾಗಿಯೂ ಇಲ್ಲದ್ದು ಒಂದಿದೆ. ಸೂರ್ಯವರ್ಮ ಪಟ್ಟಕ್ಕೆ ಬಂದದ್ದು 1113ರಲ್ಲಿ. ವಿಷ್ಣುವರ್ಧನ ಬೇಲೂರಿನ ಚೆನ್ನಕೇಶವನನ್ನು ಪ್ರತಿಷ್ಠೆ ಮಾಡಿಸಿದ್ದು 1117ರಲ್ಲಿ. ಸಮುದ್ರದ ಈ ದಡ, ಆ ದಡದಲ್ಲಿ ಅದೇ ವರ್ಷಗಳಲ್ಲಿ ಅದೇ ದೇವರಿಗೆ ಉಳಿ ಆಡಿದೆ. ಕನ್ನಡದವರನ್ನು ಅಲ್ಲಿಗೆ ಕರೆದೊಯ್ಯುವ ಕಂಪನಿಗಳು ಇದೊಂದು ಸಾಲನ್ನಾದರೂ ಬರೆದುಕೊಟ್ಟರೆ ಖರ್ಚೇನೂ ಆಗದು.

ಹೊರಗಿನ ಮೊಗಸಾಲೆಯ ಗೋಡೆಯುದ್ದಕ್ಕೂ ಉಬ್ಬುಶಿಲ್ಪ. ಸಮುದ್ರಮಥನವೊಂದೇ ಸುಮಾರು 49 ಮೀಟರ್ ಉದ್ದ. ಪಶ್ಚಿಮದ ಗೋಡೆಯಲ್ಲಿ ಕುರುಕ್ಷೇತ್ರ. ಗೈಡ್ ಎಡಗಡೆಯವರು ಕೌರವರು, ಬಲಗಡೆಯವರು ಪಾಂಡವರು ಎಂದು ಹೇಳಿ ಮುಂದೆ ನಡೆದ. ಅಮ್ಮ ನಿಂತಳು. ಕಿವಿಯ ಯಂತ್ರ ತೆಗೆದು ನನ್ನ ಕೈಗೆ ಕೊಟ್ಟಳು. "ನೋಡವ್ವಾ, ಭೀಷ್ಮ. ಬಾಣದ ಮ್ಯಾಲೆ ಮಲಗವ್ನೆ." ಹೌದು, ಭೀಷ್ಮನೇ. ನಾನು ಗಮನಿಸಿರಲಿಲ್ಲ. ನಮ್ಮ ಹಳ್ಳಿಗಳಲ್ಲಿ ಸುಗ್ಗಿಯಾದ ಮೇಲೆ ಹಾರ್ಮೋನಿಯಂ ಮೇಷ್ಟ್ರನ್ನು ಕರೆಸಿ ತಿಂಗಳುಗಟ್ಟಲೆ ಕಲಿತು ರಾತ್ರಿಯಿಡೀ ಆಡುವ ಕುರುಕ್ಷೇತ್ರ ನಾಟಕವನ್ನು ಆಕೆ ಎಷ್ಟು ಸಲ ನೋಡಿದ್ದಾಳೋ. ಓದು ಬರಹ ಅಷ್ಟಕ್ಕಷ್ಟೆ. ಆ ಗೋಡೆಯ ಮೇಲೆ ಯಾರು ಯಾರನ್ನು ಕೊಲ್ಲುತ್ತಿದ್ದಾರೆ ಎಂಬುದು ಮಾತ್ರ ನಮ್ಮ ಗುಂಪಿನಲ್ಲಿ ಆಕೆಗೆ ಗೊತ್ತಿದ್ದಷ್ಟು ಯಾರಿಗೂ ಗೊತ್ತಿರಲಿಲ್ಲ. ಅಷ್ಟರಲ್ಲಿ ಟೂರ್ ಮ್ಯಾನೇಜರ್ ಬಾವುಟ ಎತ್ತಿ ಕರೆದ. ಇಂಡಿಯನ್ ಊಟದ ಹೋಟೆಲಿನಲ್ಲಿ ನಮಗೆ ಕೊಟ್ಟ ಹೊತ್ತು ಮೀರುತ್ತಿತ್ತು. ಲಂಕೆಯ ಯುದ್ಧ ಅದೇ ಗೋಡೆಯ ಇನ್ನೊಂದು ತುದಿಯಲ್ಲಿದೆ. ಅಮ್ಮನಿಗೆ ಅದನ್ನು ತೋರಿಸಲಾಗಲಿಲ್ಲ.

ಮಾರನೆಯ ದಿನ ಬ್ಯಾಂಕಾಕಿನಲ್ಲಿ ಹರಳಿನ ಅಂಗಡಿಯೊಂದರಲ್ಲಿ ಅಂಕೋರ್‌ವಾಟಿನ ಗೋಡೆಗಿಂತ ಹೆಚ್ಚು ಹೊತ್ತು ಕೂತೆವು. ಕಾಫಿ ಕೊಟ್ಟರು.

ಇವೆರಡರಲ್ಲಿ ಯಾವುದು ಮೇಲು ಎಂದು ಕೇಳುವವರಿದ್ದಾರೆ. ಅನುಮಾನವೇ ಇಲ್ಲ, ಈಗಿನದು ಮೇಲು. ಹೆಂಗಸರು ಮರ್ಯಾದೆಯಿಂದ ಹೋಗಿ ಬರಬಹುದಾದ ಪ್ರವಾಸ ಯಾವತ್ತೂ ಮೇಲು. ಹಿಂದೆ ಹೊರಡುವಾಗ ಮನೆಯವರು ಅತ್ತು ಕಳಿಸುತ್ತಿದ್ದರು, ವಾಪಸ್ಸು ಬಂದವರ ಕಾಲಿಗೆ ಊರವರು ಬೀಳುತ್ತಿದ್ದರು, ಕಾಶಿ ಸಮಾರಾಧನೆ ಎಂದು ಊಟ ಹಾಕಿ ಯಾತ್ರೆಗಿಂತ ಹೆಚ್ಚು ಸಾಲ ಮಾಡುತ್ತಿದ್ದರು. ಅದು ಹೋದದ್ದಕ್ಕೆ ನನಗೆ ಬೇಸರವಿಲ್ಲ. ಆದರೆ ಆ ಬಸ್ಸಿನವರಿಗೆ ಒಂದು ಅನುಕೂಲವಿತ್ತು: ಏನು ನೋಡಲು ಬಂದಿದ್ದೇವೆ ಎಂಬುದು ಅವರಿಗೆ ಹೊರಡುವ ಮೊದಲೇ ಗೊತ್ತಿತ್ತು, ಅದು ಸಿಗುವವರೆಗೆ ಅಲ್ಲಾಡುತ್ತಿರಲಿಲ್ಲ. ಅವ್ವನನ್ನು ಪಶುಪತಿಯ ಸಾಲಿನಿಂದ ಊಟದ ಹೊತ್ತಾಯಿತೆಂದು ಎಬ್ಬಿಸುವ ಧೈರ್ಯ ಮೇಷ್ಟ್ರಿಗೆ ಇರಲಿಲ್ಲ. ಅಮ್ಮ ಬಾವುಟ ಕಂಡಕೂಡಲೇ ಹೊರಟಳು, ಏಕೆಂದರೆ ಆ ಗೋಡೆ ಅಲ್ಲಿದೆ ಎಂದು ಆಕೆಗೆ ಯಾರೂ ಮೊದಲೇ ಹೇಳಿರಲಿಲ್ಲ.

ಇಷ್ಟೆಲ್ಲ ಬದಲಾದರೂ ಎರಡೂ ಪಟ್ಟಿಯಲ್ಲಿ ಇಲ್ಲದವರಿದ್ದಾರೆ. ಕಬಿನಿಯ ಆಸುಪಾಸಿನ ಹಾಡಿಗಳ ಜೇನುಕುರುಬರು, ಕಾಡುಕುರುಬರು. ಪ್ರಪಂಚ ಸುತ್ತುವವರು ಟೂರು ಹಾಕಿಕೊಂಡು ಅವರ ಕಾಡಿಗೆ ಬರುತ್ತಾರೆ. ಹಾಡಿಯವರಲ್ಲಿ ಕೆಲವರಿಗೆ ರೆಸಾರ್ಟಿನಲ್ಲಿ ಕೆಲಸ ಉಂಟು. ಕಾಶಿ ಬಸ್ಸಿನಲ್ಲಿ ನಾನು ಅವರನ್ನು ಕಂಡಿಲ್ಲ, ವಿಮಾನದಲ್ಲೂ ಕಂಡಿಲ್ಲ. ಕಾಶಿಗೆ ಹೋಗುವವರಿಗೆ ಸರ್ಕಾರ ಈಗ ಐದು ಸಾವಿರ ರೂಪಾಯಿ ಸಹಾಯಧನ ಕೊಡುತ್ತದೆ. ಹಾಡಿಯ ಮಕ್ಕಳಿಗೆ ಬೇಲೂರು, ಹಂಪಿ ತೋರಿಸಲೂ ಅಷ್ಟು ಸಾಕು.

ಆಗ್ನೇಯ ಏಷ್ಯಾಕ್ಕೆ ಹೊರಡುವವರಿಗೆ ಒಂದು ಮಾತು. ದುಡ್ಡು ಕಟ್ಟುವ ಮೊದಲು ಎಷ್ಟು ದೇಶ ಎಂದು ಕೇಳಬೇಡಿ. ಅಂಕೋರ್‌ವಾಟಿನಲ್ಲಿ ಎಷ್ಟು ಗಂಟೆ, ಅಂಗಡಿಗಳಲ್ಲಿ ಎಷ್ಟು ಗಂಟೆ ಎಂದು ಕೇಳಿ, ಉತ್ತರವನ್ನು ಬರೆಸಿಕೊಳ್ಳಿ. ಬರೆದು ಕೊಡದಿದ್ದರೆ ಬೇರೆ ಕಂಪನಿ ನೋಡಿ. ಮನೆಯಲ್ಲಿ ಕುರುಕ್ಷೇತ್ರ ನಾಟಕ ನೋಡಿದ ಹಿರಿಯರಿದ್ದರೆ ಅವರನ್ನೂ ಕರೆದುಕೊಂಡು ಹೋಗಿ; ಮೊಗಸಾಲೆಯಲ್ಲಿ ಗೈಡಿಗಿಂತ ಅವರೇ ಉಪಯೋಗಕ್ಕೆ ಬರುತ್ತಾರೆ.