ವಿಯೆಕೆಸ್: ನೌಕಾಪಡೆ ಹೋಯಿತು, ಬೇಲಿ ಉಳಿಯಿತು

ಪೋರ್ಟೊ ರಿಕೊದ ಸೇಯ್ಬಾದಿಂದ ಹೊರಟ ಫೆರ್ರಿ ಅರ್ಧ ಗಂಟೆಯಲ್ಲಿ ವಿಯೆಕೆಸ್ ದ್ವೀಪ ಮುಟ್ಟಿಸಿತು. ಸ್ಥಳೀಯರ ಕೈಯಲ್ಲಿ ದಿನಸಿ ಚೀಲ, ಔಷಧದ ಪೊಟ್ಟಣ. ನನ್ನಂಥ ಪ್ರವಾಸಿಗರ ಹೆಗಲಲ್ಲಿ ಈಜುಡುಗೆ ತುಂಬಿದ ಬ್ಯಾಗು. ಇಸಾಬೆಲ್ ಸೆಗುಂಡಾ ಊರಿನ ರಸ್ತೆಗಳಲ್ಲಿ ಕುದುರೆಗಳು ತಮ್ಮ ಪಾಡಿಗೆ ಅಡ್ಡಾಡುತ್ತಿದ್ದವು.

1940ರ ದಶಕದಲ್ಲಿ ಅಮೆರಿಕದ ನೌಕಾಪಡೆ ಈ ದ್ವೀಪದ ಮೂರರಲ್ಲಿ ಎರಡು ಪಾಲು ನೆಲವನ್ನು ತನ್ನದಾಗಿಸಿಕೊಂಡಿತು. ಕಬ್ಬಿನ ಗದ್ದೆಯ ಕೂಲಿಗಳನ್ನು ಒಕ್ಕಲೆಬ್ಬಿಸಲಾಯಿತು. ಪಶ್ಚಿಮಕ್ಕೆ ಮದ್ದುಗುಂಡಿನ ಉಗ್ರಾಣ, ಪೂರ್ವಕ್ಕೆ ಬಾಂಬು ಹಾಕಿ ಅಭ್ಯಾಸ ಮಾಡುವ ಬಯಲು, ನಡುವಿನ ಪಟ್ಟಿಯಲ್ಲಿ ಜನ.

ಪಶ್ಚಿಮದ ಆ ಉಗ್ರಾಣಗಳು ಈಗಲೂ ಇವೆ. ದೂರಕ್ಕೆ ಬರೀ ಹಸಿರು ದಿಬ್ಬ. ಹತ್ತಿರ ಹೋದರೆ ಮಣ್ಣು ಹೊದ್ದ ಕಾಂಕ್ರೀಟು. ಒಂದರ ಕಬ್ಬಿಣದ ಬಾಗಿಲು ತುಕ್ಕು ಹಿಡಿದು ಅರೆ ತೆರೆದೇ ನಿಂತಿತ್ತು, ಅದರ ತಿರುಗಣೆಗೆ ಬಳ್ಳಿ ಸುತ್ತಿಕೊಂಡಿತ್ತು. ಒಳಗೆ ತಣ್ಣನೆಯ ಕತ್ತಲು. ಸಣ್ಣಗೆ ಕೆಮ್ಮಿದರೂ ಆ ಸದ್ದು ಗೋಡೆಗೆ ಬಡಿದು ದೊಡ್ಡದಾಗಿ ಮರಳಿತು.

1999ರ ಏಪ್ರಿಲ್ 19ರಂದು ಗುರಿ ತಪ್ಪಿದ ಬಾಂಬಿಗೆ ಊರಿನವರೇ ಆದ ಕಾವಲುಗಾರ ಡೇವಿಡ್ ಸಾನೆಸ್ ಬಲಿಯಾದರು. ಜನರ ತಾಳ್ಮೆ ಕಟ್ಟೆಯೊಡೆಯಿತು. ಮೀನುಗಾರರು, ಹೆಂಗಸರು, ಪಾದ್ರಿಗಳು ಬಾಂಬು ಬೀಳುವ ಜಾಗದಲ್ಲೇ ಗುಡಾರ ಹೂಡಿದರು, ಜೈಲಿಗೂ ಹೋದರು. 2003ರ ಮೇ 1ರಂದು ನೌಕಾಪಡೆ ಅಲ್ಲಿ ಅಭ್ಯಾಸ ನಿಲ್ಲಿಸಿ ಹೊರಟಿತು. ನಿಜವಾದ ಗೆಲುವು ಅದು.

ಆದರೆ ನೆಲದ ಬಹುಪಾಲು ಸೇರಿದ್ದು ಅಮೆರಿಕದ ವನ್ಯಜೀವಿ ಇಲಾಖೆಗೆ. 2005ರಲ್ಲಿ ಆ ನೆಲ ಅಮೆರಿಕದ ಅತಿ ವಿಷಪೂರಿತ ತಾಣಗಳ ಪಟ್ಟಿಗೂ ಸೇರಿತು. ಮುಳ್ಳುಪೊದೆ ಸವರಿ, ಲೋಹಶೋಧಕ ಆಡಿಸಿ, ಸಿಡಿಯದೆ ಉಳಿದ ಬಾಂಬುಗಳನ್ನು ಒಂದೊಂದಾಗಿ ಹುಡುಕಬೇಕು. ಎಷ್ಟೋ ಬಾಂಬುಗಳನ್ನು ಅಲ್ಲೇ ಸಿಡಿಸಬೇಕು. ಸಮುದ್ರದ ತಳದಲ್ಲಿರುವುದು ಬೇರೆ. ನಮ್ಮ ಮುರ್ಡೇಶ್ವರದೆದುರಿನ ನೇತ್ರಾಣಿಯೂ ನೌಕಾಪಡೆಯ ಗುರಿ ಅಭ್ಯಾಸಕ್ಕೆ ಒದಗಿದ ದ್ವೀಪವೇ, ಆದರೆ ಅಲ್ಲಿ ಜನವಸತಿಯಿಲ್ಲ. ವಿಯೆಕೆಸ್‌ನಲ್ಲಿ ಎಂಟು ಸಾವಿರ ಜನ ಮನೆ ಮಾಡಿಕೊಂಡಿದ್ದಾರೆ. ಕ್ಯಾನ್ಸರ್ ಹೆಚ್ಚಿರುವುದಕ್ಕೆ ಈ ವಿಷವೇ ಕಾರಣವೆಂದು ಅವರು ದೂರುತ್ತಾರೆ. ಅಮೆರಿಕದ ಆರೋಗ್ಯ ಸಂಸ್ಥೆ ಒಪ್ಪಿಲ್ಲ.

ರಾತ್ರಿ ಮೊಸ್ಕಿಟೊ ಕೊಲ್ಲಿಯಲ್ಲಿ ಹುಟ್ಟು ಹಾಕಿದಾಗ ನೀರು ನೀಲಿಯಾಗಿ ಹೊತ್ತಿಕೊಂಡಿತು. ಕಣ್ಣಿಗೆ ಕಾಣದ ಜೀವಿಗಳ ಬೆಳಕು ಅದು. ಹುಟ್ಟಿನಿಂದ ತೊಟ್ಟಿಕ್ಕಿದ ಹನಿಯೂ ನೀರಿಗೆ ಬಿದ್ದು ಮಿನುಗಿ ಆರುತ್ತಿತ್ತು. ಇಂಥ ಕೊಲ್ಲಿಗಳಲ್ಲಿ ಜಗತ್ತಿನಲ್ಲೇ ಅತಿ ಪ್ರಕಾಶಮಾನವಾದುದೆಂದು 2006ರಲ್ಲಿ ಗಿನ್ನೆಸ್ ದಾಖಲಿಸಿದೆ.

2017ರ ಮರಿಯಾ ಚಂಡಮಾರುತ ದ್ವೀಪದ ಒಂದೇ ಆಸ್ಪತ್ರೆಯನ್ನು ಹಾಳುಗೆಡವಿತು. ಡಯಾಲಿಸಿಸ್‌ಗೂ ಕಡಲು ದಾಟಬೇಕಾಯಿತು. ವಿಯೆಕೆಸ್‌ಗೆ ಹೋಗುವವರು ಬಾಂಬು ಉಳಿದ ನೆಲದ ಎಚ್ಚರಿಕೆಯ ಫಲಕ ದಾಟಬೇಡಿ. ಫೆರ್ರಿಯಲ್ಲಿ ಊರವರನ್ನು ಮೊದಲು ಹತ್ತಲು ಬಿಡಿ. ಅವರಲ್ಲಿ ಡಾಕ್ಟರ ಬಳಿಗೆ ಹೊರಟವರಿರುತ್ತಾರೆ.