ಮಂಜೀರಾ ನೀರಿನಲ್ಲಿ ಮೊಸಳೆಯ ಪಾಲು

ಬೀದರ್ ಕಡೆಯವರಿಗೆ ಮಂಜೀರಾ ಊರ ಹೊಳೆ. ಹೈದರಾಬಾದಿನವರಿಗೆ ಅದು 1960ರ ದಶಕದಿಂದ ಕುಡಿಯುವ ನೀರು. ಇವೆರಡರ ನಡುವೆ ಮೊಸಳೆ, ಕೊಕ್ಕರೆಗಳ ಮಂಜೀರಾವೂ ಒಂದಿದೆ. ನಾಂಪಲ್ಲಿಯಲ್ಲಿ ಇರುವವರು ಮೆಟ್ರೊದಲ್ಲಿ ಕೊನೆಯ ನಿಲ್ದಾಣ ಮಿಯಾಪುರಕ್ಕೆ ಹೋಗಿ, ಅಲ್ಲಿಂದ ಮುಂಬೈ ಹೆದ್ದಾರಿಯ ಬಸ್ಸಿನಲ್ಲಿ ಸಂಗಾರೆಡ್ಡಿ ತಲುಪಿದರೆ ಮುಂದೆ ಆಟೊ ಸಾಕು. ಚಳಿಗಾಲದ ಬೆಳಗಿನಲ್ಲಿ ಹೋಗಿ, ಬೈನಾಕ್ಯುಲರ್ ಮರೆಯಬೇಡಿ.

ಮಹಾರಾಷ್ಟ್ರದ ಬಾಲಾಘಾಟ್ ಬೆಟ್ಟಗಳಲ್ಲಿ ಹುಟ್ಟುವ ಈ ನದಿ ಬೀದರ್ ಜಿಲ್ಲೆಯಲ್ಲಿ ಕಾರಂಜಾ ಹೊಳೆಯನ್ನು ಕೂಡಿಸಿಕೊಂಡು ತೆಲಂಗಾಣಕ್ಕೆ ಬರುತ್ತದೆ. ಮೇಲೆ ಸಿಂಗೂರು ಅಣೆಕಟ್ಟು, ಕೆಳಗೆ ಮಂಜೀರಾ ಬ್ಯಾರೇಜ್. ಇವುಗಳ ನಡುವಿನ ಸುಮಾರು 20 ಚದರ ಕಿಲೋಮೀಟರ್ ಜಾಗವನ್ನು 1978ರಲ್ಲಿ ಮುಖ್ಯವಾಗಿ ಮೊಸಳೆಗಳಿಗಾಗಿ ವನ್ಯಧಾಮ ಮಾಡಿದರು.

ದಂಡೆಯಲ್ಲಿ ಜೊಂಡು, ನಡುವೆ ಜಾಲಿಮರಗಳ ನಡುಗಡ್ಡೆಗಳು. ನಾನು ಹೋದ ದಿನ ನೀರುಕಾಗೆಗಳು ರೆಕ್ಕೆ ಬಿಚ್ಚಿ ಒಣಗಿಸಿಕೊಳ್ಳುತ್ತಿದ್ದವು. ಒಣ ಮರದ ಕೊರಡು ಅಂದುಕೊಂಡು ನೋಡುತ್ತಿದ್ದದ್ದು ಮೆಲ್ಲಗೆ ನೀರಿಗೆ ಜಾರಿದಾಗಲೇ ಅದು ಮೊಸಳೆ ಎಂದು ತಿಳಿದದ್ದು.

ಬಣ್ಣದ ಕೊಕ್ಕರೆಗಳನ್ನು ಮಾತ್ರ ಎಷ್ಟು ಹೊತ್ತು ನೋಡಿದರೂ ಸಾಲದು. ಅವು ಕೊಕ್ಕನ್ನು ಅರ್ಧ ತೆರೆದು ನೀರಿನಲ್ಲಿ ಅತ್ತಿತ್ತ ಆಡಿಸುತ್ತ ನಡೆಯುತ್ತವೆ. ಮೀನು ತಾಗಿದ ಕೂಡಲೇ ಕೊಕ್ಕು ಮುಚ್ಚುತ್ತದೆ. ಕಣ್ಣಿಗಿಂತ ಸ್ಪರ್ಶವನ್ನೇ ನಂಬಿದ ಬೇಟೆ ಇದು. ಇದಕ್ಕೆ ನೀರು ಆಳವಿಲ್ಲದೆ ಇರಬೇಕು. ಆದರೆ ಗೂಡು ಕಟ್ಟುವ ನಡುಗಡ್ಡೆಯ ಸುತ್ತ ಮಾತ್ರ ನೀರು ನಿಂತಿರಲೇಬೇಕು. ಅದು ಇಳಿದರೆ ನಡುಗಡ್ಡೆ ದಂಡೆಗೆ ಸೇರಿ, ನಾಯಿಗಳಿಗೂ ದನಗಳಿಗೂ ದಾರಿಯಾಗುತ್ತದೆ. ಹೀಗೆ ನೀರಿನ ಮಟ್ಟವೇ ಇಲ್ಲಿನ ಬೇಲಿ.

ಆ ಬೇಲಿ ಅಣೆಕಟ್ಟಿನ ಕೈಯಲ್ಲಿದೆ. ನಗರಕ್ಕೆ ನೀರು ಬೇಕು ಎಂಬ ಕಾರಣದಿಂದಲೇ ಇಲ್ಲಿ ವರ್ಷವಿಡೀ ನೀರು ನಿಂತು, ಹಕ್ಕಿಗಳು ಬಂದವು. ಆದರೆ 2015-16ರ ಬರದಲ್ಲಿ ಸಿಂಗೂರು ಬತ್ತಿತು, ಇಲ್ಲಿಂದ ನಗರಕ್ಕೆ ಹೋಗುತ್ತಿದ್ದ ನೀರೂ ನಿಂತಿತು. ಹೈದರಾಬಾದಿಗೆ ಕೃಷ್ಣಾ, ಗೋದಾವರಿ ಕೊಳವೆಗಳಿದ್ದವು. ಮೊಸಳೆಗೆ ಇನ್ನೊಂದು ನದಿಯ ಕನೆಕ್ಷನ್ ಎಲ್ಲಿಂದ ಬರಬೇಕು?

ಮಹಾರಾಷ್ಟ್ರ, ಕರ್ನಾಟಕ, ತೆಲಂಗಾಣ ಮೂರೂ ಈ ನದಿಯ ನೀರನ್ನು ಲೆಕ್ಕ ಹಾಕುತ್ತವೆ. ಕುಡಿಯಲು ಇಷ್ಟು, ಗದ್ದೆಗೆ ಇಷ್ಟು ಎಂಬ ಪಟ್ಟಿಯಲ್ಲಿ ನಡುಗಡ್ಡೆ ಮುಳುಗದಷ್ಟು, ಒಣಗದಷ್ಟು ಎಂಬ ಇನ್ನೊಂದು ಸಾಲು ಸೇರಬೇಕು. ಬೀದರಿನಲ್ಲಿ ಸುರಿದ ಮಳೆಯನ್ನು ಇಲ್ಲಿ ಕುಡಿಯುವ ನಾವು ಅದನ್ನು ಕೇಳಬಹುದು. ಕೇಳುವ ಮೊದಲು ಒಂದು ಭಾನುವಾರ ಹೋಗಿ ನೋಡಿ ಬನ್ನಿ.