ಆಪಾ ಲ್ಯಾಪ್‌ಟಾಪಿನಲ್ಲಿ ನನ್ನ ಆಟ

ನಮ್ಮ ಮನೆಯಲ್ಲಿ ಇರುವುದು ಒಂದೇ ಲ್ಯಾಪ್‌ಟಾಪ್. ಅದು ನನ್ನದಲ್ಲ, ಅಕ್ಕನದು. ಮನೆಯಲ್ಲಿ ಉರ್ದು ಮಾತಾಡುವುದರಿಂದ ಅವಳನ್ನು ಆಪಾ ಎನ್ನುತ್ತೇನೆ. ಬಿ.ಕಾಂ. ಮುಗಿಸಿದ ಮೇಲೆ ಆಪಾ ಹರಪನಹಳ್ಳಿಯ ನಾಲ್ಕು ಅಂಗಡಿಗಳ ಲೆಕ್ಕವನ್ನು ಟ್ಯಾಲಿಯಲ್ಲಿ ಬರೆಯುತ್ತಾಳೆ, ಅವರ ಜಿಎಸ್‌ಟಿ ರಿಟರ್ನ್ ಹಾಕಿಕೊಡುತ್ತಾಳೆ. ಅಂಗಡಿಯಿಂದ ಅಂಗಡಿಗೆ ಹೊತ್ತುಕೊಂಡು ಹೋಗಬೇಕಲ್ಲ, ಅದಕ್ಕೆ ಹಗುರವಾದದ್ದನ್ನೇ ಹುಡುಕಿ ತನ್ನ ದುಡಿಮೆಯ ದುಡ್ಡಿನಲ್ಲಿ ಕೊಂಡಳು. ತೂಕ ಒಂದೂಕಾಲು ಕಿಲೋ. ಅದರಲ್ಲಿ ಗೇಮ್ ಆಡಬಹುದು ಎಂಬ ವಿಚಾರ ಅವಳ ತಲೆಯಲ್ಲಿ ಇರಲಿಲ್ಲ, ನನ್ನ ತಲೆಯಲ್ಲಿ ಮೊದಲ ದಿನದಿಂದಲೂ ಇತ್ತು.

ನಮ್ಮ ತರಗತಿಯಲ್ಲಿ ಇಂಥ ತೆಳುವಾದ ಲ್ಯಾಪ್‌ಟಾಪ್ ಇರುವ ಗೆಳೆಯರು ಹಲವರಿದ್ದಾರೆ. ಕೆಲವರದು ಅಣ್ಣನದು, ಕೆಲವರದು ಮಾವನ ಹಳೆಯದು. ‘ಗೇಮ್ ಹಾಕಿದರೆ ಹ್ಯಾಂಗ್ ಆಗುತ್ತೆ, ನಿನ್ನದು ಹೇಗೆ ಓಡುತ್ತೆ?’ ಎಂದು ಎಲ್ಲರೂ ಕೇಳುತ್ತಾರೆ. ಒಬ್ಬೊಬ್ಬರಿಗೂ ಬೇರೆ ಬೇರೆ ಹೇಳುವ ಬದಲು ಇಲ್ಲೇ ಬರೆಯುತ್ತಿದ್ದೇನೆ.

ಮೊದಲು ಅನುಮತಿಯ ವಿಷಯ. ತಿಂಗಳಿಗೊಮ್ಮೆ ರಿಟರ್ನ್ ಹಾಕುವ ಅಂಗಡಿಗಳಿಗೆ 11ರೊಳಗೆ ಜಿಎಸ್‌ಟಿಆರ್-1, 20ರೊಳಗೆ ಜಿಎಸ್‌ಟಿಆರ್-3ಬಿ ಸಲ್ಲಿಸಬೇಕು. ತಡವಾದರೆ ದಿನದ ಲೆಕ್ಕದಲ್ಲಿ ಲೇಟ್ ಫೀ ಬೀಳುತ್ತದೆ. ಆದ್ದರಿಂದ 8ರಿಂದ 11, 17ರಿಂದ 20 ಲ್ಯಾಪ್‌ಟಾಪ್ ಮುಟ್ಟುವಂತಿಲ್ಲ. ಇದು ಆಪಾ ಹಾಕಿದ ಮೊದಲ ಷರತ್ತು. ಎರಡನೆಯದು, ದಿನಕ್ಕೆ ಒಂದೇ ಗಂಟೆ. ಮೂರನೆಯದು, ಕೀಬೋರ್ಡ್ ಕೈಗೆ ಸುಡುವಷ್ಟು ಬಿಸಿಯಾದರೆ ಆಟ ಎಲ್ಲಿಗೆ ಬಂದಿದ್ದರೂ ಬಂದ್. ‘ಇದು ಕೆಟ್ಟರೆ ನಾಲ್ಕು ಅಂಗಡಿ ಕೈಬಿಡುತ್ತವೆ’ ಎಂದಳು. ಅವಳು ಸಿಎ ಇಂಟರ್‌ಮೀಡಿಯೆಟ್ ನೋಂದಣಿಗೆ ಕೂಡಿಡುತ್ತಿರುವ ದುಡ್ಡು ಆ ನಾಲ್ಕು ಅಂಗಡಿಗಳಿಂದಲೇ ಬರುತ್ತದೆ.

ಅಬ್ಬಾನ ಚಿಂತೆ ಬೇರೆಯಾಗಿತ್ತು. ‘ಆನ್‌ಲೈನ್ ಗೇಮ್’ ಎಂದ ಕೂಡಲೇ ಅವರಿಗೆ ದುಡ್ಡು ಕಟ್ಟಿ ಆಡುವುದೇ ನೆನಪಾಗುತ್ತದೆ. 2025ರ ಆಗಸ್ಟ್‌ನಲ್ಲಿ ಸಂಸತ್ತು ಹೊಸ ಕಾನೂನು ಮಾಡಿ ಹಣ ಹೂಡಿ ಆಡುವ ಆನ್‌ಲೈನ್ ಆಟಗಳನ್ನು ನಿಷೇಧಿಸಿದೆ, ಇ-ಸ್ಪೋರ್ಟ್ಸನ್ನು ಬೇರೆಯಾಗಿ ಗುರುತಿಸಿದೆ ಎಂದು ಪತ್ರಿಕೆ ತೋರಿಸಿ ವಿವರಿಸಿದೆ. ನಾನು ಆಡುವುದು ವ್ಯಾಲರಂಟ್. ಐದು ಜನರ ಎರಡು ತಂಡ, ಆಡಲು ದುಡ್ಡು ಬೇಡ. ದಾವಣಗೆರೆಯಲ್ಲಿರುವ ನನ್ನ ಖಾಲಾನ ಮಕ್ಕಳಿಬ್ಬರು ನನ್ನ ತಂಡದಲ್ಲಿದ್ದಾರೆ ಎಂದು ತಿಳಿದ ಮೇಲೆ ಅಬ್ಬಾ ಸುಮ್ಮನಾದರು.

ಈಗ ತೊಂದರೆಗೆ ಬರೋಣ. ಆಟ ಶುರುವಾದ ಮೊದಲ ಐದು ನಿಮಿಷ ಸೆಕೆಂಡಿಗೆ 60-70 ಫ್ರೇಮ್ ಬರುತ್ತಿತ್ತು. ಹತ್ತು ನಿಮಿಷ ದಾಟಿದರೆ 25ಕ್ಕೆ ಬೀಳುತ್ತಿತ್ತು. ಫ್ರೇಮ್ ಎಂದರೆ ಪರದೆಯ ಮೇಲೆ ಮೂಡುವ ಒಂದೊಂದು ಚಿತ್ರ. ಸೆಕೆಂಡಿಗೆ 60 ಚಿತ್ರ ಬಂದರೆ ಒಂದಕ್ಕೆ ಸುಮಾರು 17 ಮಿಲಿಸೆಕೆಂಡ್, 25 ಬಂದರೆ ಒಂದಕ್ಕೆ 40 ಮಿಲಿಸೆಕೆಂಡ್. ಎದುರಾಳಿ ಗೋಡೆಯ ಮರೆಯಿಂದ ಬಂದದ್ದು ನನಗೆ ಕಾಣುವಷ್ಟರಲ್ಲಿ ನಾನು ಔಟ್. ಇಂಟರ್‌ನೆಟ್ ನಿಧಾನವೇನೋ ಎಂದು ಗೆಳೆಯರು ಹೇಳಿದರು. ಆದರೆ ಪಿಂಗ್ ಮೊದಲಿನಿಂದ ಕೊನೆಯವರೆಗೆ ಒಂದೇ ಇತ್ತು. ನೆಟ್ ನಿಧಾನವಾದರೆ ಪಿಂಗ್ ಏರುತ್ತದೆ, ಯಂತ್ರ ನಿಧಾನವಾದರೆ ಫ್ರೇಮ್ ಇಳಿಯುತ್ತದೆ. ಈ ಎರಡನ್ನು ಬೇರೆ ಮಾಡಿ ನೋಡಿದರೆ ಅರ್ಧ ಉತ್ತರ ಸಿಕ್ಕಿತು.

ಉಳಿದ ಅರ್ಧ ಉತ್ತರ ಅಬ್ಬಾನಿಂದ ಬಂತು. ಅವರು ಟ್ರ್ಯಾಕ್ಟರ್, ಲಾರಿಗಳ ರೇಡಿಯೇಟರ್ ರಿಪೇರಿ ಮಾಡುತ್ತಾರೆ. ಕಂಪ್ಯೂಟರ್ ಬಗ್ಗೆ ಅವರಿಗೆ ಏನೂ ಗೊತ್ತಿಲ್ಲ. ಒಂದು ರಾತ್ರಿ ನಾನು ಆಡುವಾಗ ಹಿಂದೆ ಬಂದು ನಿಂತು, ಗಾಳಿ ಹೊರಬರುವ ಸಂದಿಯ ಹತ್ತಿರ ಅಂಗೈ ಹಿಡಿದರು. ‘ಹವಾ ಕಾ ರಾಸ್ತಾ ಬಂದ್ ಹೈ’ ಎಂದರು. ಗಾಳಿಯ ದಾರಿ ಕಟ್ಟಿದೆ ಎಂದು. ನಮ್ಮ ಕಡೆ ಮೆಕ್ಕೆಜೋಳದ ಒಕ್ಕಣೆ ಶುರುವಾದರೆ ಅಬ್ಬಾನ ಶೆಡ್ಡಿಗೆ ಬರುವ ಟ್ರ್ಯಾಕ್ಟರುಗಳಿಗೆಲ್ಲ ಅದೇ ಕಾಯಿಲೆ. ರೇಡಿಯೇಟರಿನ ಸಣ್ಣ ರೆಕ್ಕೆಗಳ ನಡುವೆ ಧೂಳು, ಹೊಟ್ಟು ತುಂಬಿಕೊಳ್ಳುತ್ತದೆ. ಎಂಜಿನ್ ಚೆನ್ನಾಗಿದ್ದರೂ ಬಿಸಿ ಹೊರಗೆ ಹೋಗುವುದಿಲ್ಲ.

ಲ್ಯಾಪ್‌ಟಾಪ್ ಒಳಗೂ ಇದೇ ಏರ್ಪಾಡು ಎಂದು ಆಮೇಲೆ ಓದಿ ತಿಳಿದೆ. ಪ್ರೊಸೆಸರ್ ಮೇಲೆ ತಾಮ್ರದ ಕೊಳವೆ, ಕೊಳವೆಯ ತುದಿಗೆ ಲೋಹದ ರೆಕ್ಕೆಗಳು, ಪಕ್ಕದಲ್ಲಿ ಪುಟ್ಟ ಫ್ಯಾನ್. ಆಪಾ ಲ್ಯಾಪ್‌ಟಾಪಿನ ಪ್ರೊಸೆಸರ್ ನಿರಂತರವಾಗಿ ಬಳಸಬೇಕಾದ ಶಕ್ತಿ 15 ವ್ಯಾಟ್. ದೊಡ್ಡ ಗೇಮಿಂಗ್ ಲ್ಯಾಪ್‌ಟಾಪುಗಳಲ್ಲಿ ಗ್ರಾಫಿಕ್ಸ್ ಚಿಪ್ ಒಂದೇ 100 ವ್ಯಾಟ್ ದಾಟುವುದುಂಟು. ನಮ್ಮ ಚಿಪ್ ಆಟದ ಆರಂಭದಲ್ಲಿ ಸ್ವಲ್ಪ ಹೊತ್ತು 15ಕ್ಕಿಂತ ಹೆಚ್ಚು ಎಳೆದುಕೊಂಡು ಜೋರಾಗಿ ಓಡುತ್ತದೆ. ಶಾಖ ಸುಮಾರು 100 ಡಿಗ್ರಿ ಮುಟ್ಟುತ್ತಿದ್ದಂತೆ ಸುಟ್ಟುಹೋಗದಿರಲು ತಾನೇ ವೇಗ ಇಳಿಸಿಕೊಳ್ಳುತ್ತದೆ. ಮೊದಲ ಐದು ನಿಮಿಷದ 70 ಫ್ರೇಮ್ ಸಾಲ ಮಾಡಿ ಮೆರೆದ ಹಾಗೆ. ಆಮೇಲೆ ಬರುವ 25 ಫ್ರೇಮ್ ಆ ಸಾಲದ ಕಂತು. ಕಾಮರ್ಸ್ ವಿದ್ಯಾರ್ಥಿಗೆ ಇಷ್ಟು ಸಾಕು. ಆದಾಯ ಹೆಚ್ಚಿಸಲು ಆಗದಿದ್ದರೆ ಖರ್ಚು ಹಿಡಿಯಬೇಕು. ಹಗುರ ಲ್ಯಾಪ್‌ಟಾಪಿಗೆ ಶಾಖವೇ ಖರ್ಚು.

ಮೊದಲ ಕೆಲಸ ಸ್ವಚ್ಛತೆ. ವಾರಂಟಿ ಮುಗಿದಿತ್ತು, ಆಪಾ ಎದುರಿಗೇ ಕುಳಿತಳು. ಪೂರ್ತಿ ಆಫ್ ಮಾಡಿ, ಚಾರ್ಜರ್ ತೆಗೆದು, ಅಬ್ಬಾ ಸಣ್ಣ ಸ್ಕ್ರೂಗಳನ್ನು ಒಂದೊಂದಾಗಿ ಬಿಚ್ಚಿ ಕಾಗದದ ಮೇಲೆ ಇದ್ದ ಜಾಗದ ಕ್ರಮದಲ್ಲೇ ಇಟ್ಟರು. ಒಳಗಿನ ಬ್ಯಾಟರಿ ಕನೆಕ್ಟರನ್ನೂ ಕಳಚಿದೆವು. ಶೆಡ್ಡಿನ ಕಂಪ್ರೆಸರ್ ಗಾಳಿ ಹೊಡೆಯೋಣ ಎಂದರು ಅಬ್ಬಾ. ಬೇಡ ಎಂದೆ. ಅಷ್ಟು ಜೋರು ಗಾಳಿಗೆ ಪುಟ್ಟ ಫ್ಯಾನ್ ಮಿತಿ ಮೀರಿ ತಿರುಗಿ ಹಾಳಾಗಬಹುದು, ಗಾಳಿಯ ಜೊತೆ ತೇವವೂ ಬರಬಹುದು. ಫ್ಯಾನನ್ನು ಬೆರಳಿನಿಂದ ಹಿಡಿದುಕೊಂಡು, 30 ರೂಪಾಯಿಯ ಮೆತ್ತನೆ ಪೇಂಟ್ ಬ್ರಷ್‌ನಿಂದ ರೆಕ್ಕೆಗಳನ್ನು ಉಜ್ಜಿದೆವು. ಬಂದ ಧೂಳು ಒಂದು ಚಮಚದಷ್ಟು. ಇಷ್ಟು ಸಣ್ಣ ಯಂತ್ರಕ್ಕೆ ಒಂದು ಚಮಚ ದೊಡ್ಡದೇ.

ಎರಡನೆಯದು, ಲ್ಯಾಪ್‌ಟಾಪ್ ಎತ್ತರಿಸುವುದು. ಗಾಳಿ ಒಳಗೆ ಹೋಗುವ ಕಿಂಡಿಗಳು ಅಡಿಯಲ್ಲಿವೆ. ಕೌದಿಯ ಮೇಲೆ, ಹಾಸಿಗೆಯ ಮೇಲೆ ಇಟ್ಟರೆ ಅವು ಮುಚ್ಚಿಹೋಗುತ್ತವೆ. ಅಬ್ಬಾ ಹಳೆಯ ರೇಡಿಯೇಟರ್ ಹೋಸ್ ಪೈಪಿನ ಎರಡು ತುಂಡು ಕತ್ತರಿಸಿ ಕೊಟ್ಟರು. ಹಿಂಭಾಗದ ಕೆಳಗೆ ಅವನ್ನು ಇಟ್ಟರೆ ಎರಡು ಬೆರಳಷ್ಟು ಎತ್ತರ. ಇದಕ್ಕೆ ಖರ್ಚು ಸೊನ್ನೆ.

ಮೂರನೆಯದು ಸೆಟ್ಟಿಂಗ್. ಪರದೆ 1920×1080, ಅಂದರೆ ಪ್ರತಿ ಫ್ರೇಮಿಗೂ 20 ಲಕ್ಷಕ್ಕಿಂತ ಹೆಚ್ಚು ಚುಕ್ಕೆ ಬಿಡಿಸಬೇಕು. ಆಟವನ್ನು 1280×720ಕ್ಕೆ ಇಳಿಸಿದರೆ ಸುಮಾರು 9 ಲಕ್ಷ. ಅರ್ಧಕ್ಕಿಂತ ಹೆಚ್ಚು ಕೆಲಸ ಉಳಿಯಿತು. ಚಿತ್ರ ಸ್ವಲ್ಪ ಮಬ್ಬು, ಆದರೆ ಎದುರಾಳಿ ಕಾಣುತ್ತಾನೆ. ನೆರಳು, ಹೊಳಪು ಎಲ್ಲವನ್ನೂ ಲೋ ಮಾಡಿದೆ. ಫ್ರೇಮ್ ಮಿತಿಯನ್ನು 60ಕ್ಕೆ ಕಟ್ಟಿದೆ. ನಮ್ಮ ಪರದೆ ಸೆಕೆಂಡಿಗೆ 60 ಸಲವೇ ಬದಲಾಗುವುದು. ಮಿತಿ ಇಲ್ಲದಿದ್ದರೆ ಮೆನು ನೋಡುತ್ತ ಸುಮ್ಮನೆ ಕೂತಾಗಲೂ ಚಿಪ್ ನೂರಾರು ಫ್ರೇಮ್ ಬಿಡಿಸಿ ಬಿಸಿಯಾಗುತ್ತದೆ, ಯಾರೂ ಕೊಳ್ಳದ ಸರಕು ತಯಾರಿಸಿದ ಹಾಗೆ. ಆಡುವಾಗ ಬ್ರೌಸರ್ ಮುಚ್ಚುತ್ತೇನೆ. ಟಾಸ್ಕ್ ಮ್ಯಾನೇಜರಿನಲ್ಲಿ ತಾನಾಗಿ ಶುರುವಾಗುವ ಬೇಡದ ಆ್ಯಪ್‌ಗಳನ್ನು ಆಪಾಳನ್ನು ಕೇಳಿಯೇ ನಿಲ್ಲಿಸಿದೆ.

ಕೊನೆಯದು ಎಲ್ಲರಿಗೂ ವಿಚಿತ್ರ ಅನಿಸುತ್ತದೆ. ಪವರ್ ಆಪ್ಶನ್ಸ್ ಒಳಗೆ ಪ್ರೊಸೆಸರಿನ ಗರಿಷ್ಠ ಮಟ್ಟ 100 ಪ್ರತಿಶತ ಇರುತ್ತದೆ. ಅದನ್ನು 99 ಮಾಡಿದೆ. ಹೀಗೆ ಮಾಡಿದರೆ ಚಿಪ್ ಟರ್ಬೊ ಓಟಕ್ಕೆ ಹೋಗುವುದಿಲ್ಲ. ವೇಗ ಕಡಿಮೆ ಮಾಡಿ ವೇಗ ಪಡೆಯುವುದೇ ಎಂದು ಗೆಳೆಯನೊಬ್ಬ ನಕ್ಕ. ಆದರೆ ಈಗ 70ಕ್ಕೆ ಏರಿ 25ಕ್ಕೆ ಬೀಳುವುದಿಲ್ಲ. ಒಂದು ಗಂಟೆ ಪೂರ್ತಿ 50ರಿಂದ 55ರ ನಡುವೆ ನಿಲ್ಲುತ್ತದೆ. ಆಟದಲ್ಲಿ ಕೈಗೆ ಅಭ್ಯಾಸವಾಗುವುದು ಒಂದೇ ಸಮನಾದ ವೇಗ. ಎಲ್ಲ ಲ್ಯಾಪ್‌ಟಾಪಿನಲ್ಲೂ ಈ ಆಯ್ಕೆ ಕಾಣುವುದಿಲ್ಲ. ಇಲ್ಲದಿದ್ದರೆ ಫ್ರೇಮ್ ಮಿತಿಯೊಂದೇ ಸಾಕಷ್ಟು ಕೆಲಸ ಮಾಡುತ್ತದೆ.

ಒಂದು ದಾರಿ ಇನ್ನೂ ಉಳಿದಿದೆ. ಇದರಲ್ಲಿ ಬೇರೆ ಗ್ರಾಫಿಕ್ಸ್ ಕಾರ್ಡ್ ಇಲ್ಲ, ಚಿತ್ರ ಬಿಡಿಸಲೂ ರ್‍ಯಾಮನ್ನೇ ಹಂಚಿಕೊಳ್ಳಬೇಕು. ಈಗ 8 ಜಿಬಿಯ ಒಂದೇ ತುಂಡು ಇದೆ, ಪಕ್ಕದ ಜಾಗ ಖಾಲಿ. ಅಂಥದ್ದೇ ಇನ್ನೊಂದು ಹಾಕಿದರೆ ಎರಡು ದಾರಿಯಲ್ಲಿ ಮಾಹಿತಿ ಹರಿದು ಫ್ರೇಮ್ ಇನ್ನಷ್ಟು ಏರುತ್ತದೆ. ಆದರೆ ಆ ದುಡ್ಡು ಸದ್ಯಕ್ಕೆ ಆಪಾಳ ನೋಂದಣಿಯದು. ಪಾಠದಲ್ಲಿ ಆಪರ್ಚುನಿಟಿ ಕಾಸ್ಟ್ ಎಂದು ಓದುತ್ತೇವಲ್ಲ, ನನ್ನ ಐದಾರು ಫ್ರೇಮಿನ ಬೆಲೆ ಅವಳ ಒಂದು ವರ್ಷ ಆಗಬಾರದು. ನಾನು ಕೇಳಲೂ ಇಲ್ಲ.

ಮಾಡಬಾರದ್ದನ್ನೂ ಹೇಳಬೇಕು. ‘ಗೇಮ್ ಬೂಸ್ಟರ್’ ಎಂದು ಸಿಗುವ ಗುರುತಿಲ್ಲದ ತಂತ್ರಾಂಶ ಹಾಕಬೇಡಿ. ಲೆಕ್ಕಪತ್ರ, ಪಾಸ್‌ವರ್ಡ್ ಇರುವ ಯಂತ್ರದಲ್ಲಂತೂ ಬೇಡವೇ ಬೇಡ. ತಣ್ಣಗಾಗಲಿ ಎಂದು ಐಸ್ ಇಡಬೇಡಿ, ಒಳಗೆ ನೀರ ಹನಿ ಕೂಡುತ್ತದೆ. ನಮ್ಮೂರಿನ ಏಪ್ರಿಲ್, ಮೇ ಮಧ್ಯಾಹ್ನಗಳಲ್ಲಿ ಆಡಬೇಡಿ. ಫ್ಯಾನ್ ಎಳೆದುಕೊಳ್ಳುವುದು ಕೋಣೆಯ ಗಾಳಿಯನ್ನೇ. ಅದೇ ಬಿಸಿಯಿದ್ದರೆ ಅದು ಏನನ್ನು ತಣ್ಣಗೆ ಮಾಡೀತು? ನಾನು ಬೇಸಿಗೆಯಲ್ಲಿ ರಾತ್ರಿ ಊಟವಾದ ಮೇಲೆಯೇ ಕೂರುತ್ತೇನೆ.

ಇದರಿಂದ ಆಪಾಗೂ ಲಾಭವಾಯಿತು. ಟ್ಯಾಲಿ, ಎಕ್ಸೆಲ್, ಜಿಎಸ್‌ಟಿ ಪೋರ್ಟಲ್ ಮೂರನ್ನೂ ತೆರೆದಾಗ ಮೊದಲು ಫ್ಯಾನ್ ಕಿರುಚುತ್ತಿತ್ತು, ಈಗ ಇಲ್ಲ. ಕಳೆದ ತಿಂಗಳು 20ರ ರಾತ್ರಿ ಕೊನೆಯ ರಿಟರ್ನ್ ಹಾಕಿದ ಮೇಲೆ ಅವಳೇ ಕೀಬೋರ್ಡ್ ಮುಟ್ಟಿ ನೋಡಿ, ‘ಠಂಡಾ ಹೈ’ ಎಂದಳು. ಈಗ ಭಾನುವಾರಕ್ಕೆ ಮಾತ್ರ ಒಂದೂವರೆ ಗಂಟೆ ಸಿಗುತ್ತದೆ.

ಯಾರ ಮನೆಯ ಲ್ಯಾಪ್‌ಟಾಪಾದರೂ ಹೀಗೇ ಉಸಿರುಗಟ್ಟುತ್ತಿದ್ದರೆ ಮೊದಲು ಅದು ಯಾರದೋ ಅವರನ್ನು ಕೇಳಿ, ಆಮೇಲೆ ನನ್ನನ್ನು ಕೇಳಿ. ಬ್ರಷ್ ನನ್ನ ಬಳಿ ಇದೆ, ಹೋಸ್ ಪೈಪಿನ ತುಂಡು ಅಬ್ಬಾ ಕೊಡುತ್ತಾರೆ. 11 ಮತ್ತು 20ನೇ ತಾರೀಕು ಬಿಟ್ಟು ಯಾವ ದಿನವಾದರೂ ಬನ್ನಿ.